ಓದುಗರು ಕೇಳಿದ್ದು: ಡಬ್ಲಿನ್‌ಗೆ ಗುಂಡಿಟ್ಟ ಹಡಗು ಐರ್ಲೆಂಡಿನ ಕಾವಲಿಗೆ ನಿಂತದ್ದು ಹೇಗೆ?

ಹಿಂದಿನ ಸಂಚಿಕೆಯಲ್ಲಿ ಐರ್ಲೆಂಡಿನ ಸ್ವಾತಂತ್ರ್ಯ ಹೋರಾಟವನ್ನು ಕುರಿತು ಉತ್ತರಿಸುವಾಗ ‘ಮ್ವಿರಖೂ’ ಎಂಬ ಹಡಗಿನ ಹೆಸರನ್ನು ಒಂದೇ ಸಾಲಿನಲ್ಲಿ ಹೇಳಿ ಮುಂದೆ ಹೋಗಿದ್ದೆ. ಆ ಸಾಲಿನ ಬಗ್ಗೆಯೇ ಹಲವು ಪತ್ರಗಳು ಬಂದಿವೆ. ಅವುಗಳಲ್ಲಿ ಮೂರನ್ನು ಆರಿಸಿಕೊಂಡು ಈ ಸಲದ ಅಂಕಣವನ್ನು ಪೂರ್ತಿಯಾಗಿ ಆ ಹಡಗಿಗೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಡಬ್ಲಿನ್‌ನಲ್ಲಿರುವ ಮಗಳ ಮನೆಗೆ ಹೋಗಿದ್ದಾಗ ಲಿಫೀ ನದಿಯ ದಂಡೆಯಲ್ಲಿ ಲಿಬರ್ಟಿ ಹಾಲ್ ಎಂಬ ಎತ್ತರದ ಕಟ್ಟಡವನ್ನು ಅಳಿಯಂದಿರು ತೋರಿಸಿದರು. 1916ರ ಬಂಡಾಯದ ಕಾಲದಲ್ಲಿ ‘ಹೆಲ್ಗಾ’ ಎಂಬ ಬ್ರಿಟಿಷ್ ಯುದ್ಧನೌಕೆಯು ನದಿಯೊಳಗೆ ಬಂದು ಅಲ್ಲಿದ್ದ ಹಳೆಯ ಕಟ್ಟಡವನ್ನೂ ನಗರದ ಮುಖ್ಯ ಬೀದಿಯನ್ನೂ ನಾಶ ಮಾಡಿತೆಂದೂ, ಮುಂದೆ ಅದೇ ಹಡಗು ಐರ್ಲೆಂಡಿನ ಮೊದಲ ಯುದ್ಧನೌಕೆಯಾಯಿತೆಂದೂ ಹೇಳಿದರು. ನಿಮ್ಮ ಮ್ವಿರಖೂ ಎಂದರೆ ಇದೇ ಹಡಗೇ? ಈ ಮಾತು ನಿಜವೇ?
— ಓದುಗರೊಬ್ಬರು, ಶಿವಮೊಗ್ಗ

ಉತ್ತರ: ಹೌದು, ಎರಡೂ ಒಂದೇ ಹಡಗು. ಆದರೆ ತಮ್ಮ ಅಳಿಯಂದಿರು ಹೇಳಿದ ಮಾತಿನಲ್ಲಿ, ಡಬ್ಲಿನ್‌ನಲ್ಲಿ ತಲೆಮಾರುಗಳಿಂದ ಕೇಳಿಬರುವ ಕಥೆಯಲ್ಲಿರುವಂತೆಯೇ, ನಿಜ ಸಂಗತಿಯ ಜೊತೆಗೆ ಸ್ವಲ್ಪ ಉತ್ಪ್ರೇಕ್ಷೆಯೂ ಸೇರಿಕೊಂಡಿದೆ. ಅವೆರಡನ್ನೂ ಬೇರ್ಪಡಿಸಿ ನೋಡಬೇಕಾದರೆ ಹಡಗಿನ ಹುಟ್ಟಿನಿಂದಲೇ ಆರಂಭಿಸಬೇಕು.

ಹೆಲ್ಗಾ ಯುದ್ಧಕ್ಕಾಗಿ ಕಟ್ಟಿದ ಹಡಗಲ್ಲ. 1908ರಲ್ಲಿ ಡಬ್ಲಿನ್ ನಗರದ ಲಿಫೀ ಹಡಗುಕಟ್ಟೆಯಲ್ಲಿ, ಅಂದರೆ ಮುಂದೆ ಅದು ಗುಂಡು ಹಾರಿಸಿದ ಅದೇ ನದಿಯ ದಂಡೆಯಲ್ಲಿ, ಅದು ನಿರ್ಮಾಣವಾಯಿತು. ಸುಮಾರು 47 ಮೀಟರ್ ಉದ್ದದ, 323 ಟನ್ನಿನ ಆ ಉಗಿಹಡಗನ್ನು ಕಟ್ಟಿಸಿದ್ದು ಬ್ರಿಟಿಷ್ ಆಳ್ವಿಕೆಯಲ್ಲಿ ಐರ್ಲೆಂಡಿನ ಕೃಷಿ ಮತ್ತು ತಾಂತ್ರಿಕ ಶಿಕ್ಷಣವನ್ನು ನೋಡಿಕೊಳ್ಳುತ್ತಿದ್ದ ಇಲಾಖೆ. ಕರಾವಳಿಯಲ್ಲಿ ನಿಯಮ ಮೀರಿ ಬಲೆ ಎಳೆಯುವ ದೋಣಿಗಳ ಮೇಲೆ ಕಣ್ಣಿಡುವುದು, ಮೀನಿನ ಸಂತತಿಯನ್ನೂ ಕಡಲಿನ ತಳವನ್ನೂ ಅಧ್ಯಯನ ಮಾಡುವ ವಿಜ್ಞಾನಿಗಳನ್ನು ಕರೆದೊಯ್ಯುವುದು, ಇವೇ ಅದರ ಕೆಲಸಗಳಾಗಿದ್ದವು. ಪಶ್ಚಿಮ ಕರಾವಳಿಯ ಮೇಯೊ ಪ್ರಾಂತದ ಎದುರಿಗಿರುವ ಕ್ಲೇರ್ ದ್ವೀಪದ ಸಸ್ಯ, ಪ್ರಾಣಿ, ಶಿಲೆ, ಸ್ಥಳನಾಮಗಳನ್ನೆಲ್ಲ 1909ರಿಂದ 1911ರವರೆಗೆ ರಾಬರ್ಟ್ ಲಾಯ್ಡ್ ಪ್ರೇಗರ್ ಅವರ ನೇತೃತ್ವದಲ್ಲಿ ವಿದ್ವಾಂಸರ ತಂಡವೊಂದು ಸಮೀಕ್ಷೆ ಮಾಡಿತು. ಒಂದು ಸಣ್ಣ ದ್ವೀಪವನ್ನು ಅಷ್ಟು ಕೂಲಂಕಷವಾಗಿ ನೋಡಿದ ಉದಾಹರಣೆಗಳು ಆ ಕಾಲದಲ್ಲಿ ಬಹಳ ಕಡಿಮೆ. ಆ ದ್ವೀಪದ ಸುತ್ತಲಿನ ಕಡಲಿನ ತಳವನ್ನು ಕೆರೆದು ಜೀವಿಗಳನ್ನು ಮೇಲಕ್ಕೆ ತಂದುಕೊಟ್ಟದ್ದು ಈ ಹೆಲ್ಗಾ. ಹಡಗಿನ ಹೆಸರು ಕೇಳಿದೊಡನೆ ತೋಪಿನ ಸದ್ದನ್ನಷ್ಟೇ ನೆನೆಯುವವರು ಈ ಏಳು ವರ್ಷಗಳ ಕೆಲಸವನ್ನೂ ನೆನೆಯಬೇಕೆಂದು ನನಗೆ ಅನ್ನಿಸುತ್ತದೆ.

ಮೊದಲ ಮಹಾಯುದ್ಧದಲ್ಲಿ ಜರ್ಮನ್ ಜಲಾಂತರ್ಗಾಮಿಗಳು ಬ್ರಿಟನ್ನಿನ ಸುತ್ತ ಹಡಗುಗಳನ್ನು ಮುಳುಗಿಸತೊಡಗಿದಾಗ, ಕೈಗೆ ಸಿಕ್ಕ ಸಣ್ಣಪುಟ್ಟ ಹಡಗುಗಳಿಗೆಲ್ಲ ತೋಪು ಕೂರಿಸಿ ಗಸ್ತಿಗೆ ಬಿಡುವುದು ಬ್ರಿಟಿಷ್ ನೌಕಾಪಡೆಗೆ ಅನಿವಾರ್ಯವಾಯಿತು. 1915ರಲ್ಲಿ ಹೆಲ್ಗಾ ಕೂಡ ಹೀಗೆ ಸೇರ್ಪಡೆಯಾಗಿ, ಐರಿಷ್ ಸಮುದ್ರದಲ್ಲಿ ಕಾವಲು ಕಾಯುವ ಮತ್ತು ಇತರ ಹಡಗುಗಳಿಗೆ ಬೆಂಗಾವಲಾಗುವ ಸಶಸ್ತ್ರ ಹಡಗಾಯಿತು. 1916ರ ಏಪ್ರಿಲ್ 24ರಂದು, ಈಸ್ಟರ್ ಹಬ್ಬದ ಮರುದಿನದ ಸೋಮವಾರ, ಐರಿಷ್ ಬಂಡಾಯಗಾರರು ಡಬ್ಲಿನ್‌ನ ಪ್ರಧಾನ ಅಂಚೆ ಕಚೇರಿಯನ್ನೂ ಇತರ ಕಟ್ಟಡಗಳನ್ನೂ ವಶಪಡಿಸಿಕೊಂಡು ಗಣರಾಜ್ಯವನ್ನು ಘೋಷಿಸಿದಾಗ, ತೋಪಿದ್ದು ಹತ್ತಿರದಲ್ಲೇ ಇದ್ದ ಹಡಗೆಂಬ ಕಾರಣಕ್ಕೆ ಹೆಲ್ಗಾವನ್ನು ನದಿಗೆ ಕರೆಸಿಕೊಳ್ಳಲಾಯಿತು.

ಏಪ್ರಿಲ್ 26ರ ಬುಧವಾರ ಬೆಳಿಗ್ಗೆ ಅದು ಲಿಬರ್ಟಿ ಹಾಲ್‌ನತ್ತ ಗುಂಡು ಹಾರಿಸಿತು. ಅದು ಸಾರಿಗೆ ಕಾರ್ಮಿಕರ ಸಂಘದ ಕೇಂದ್ರ ಕಚೇರಿ, ಕಾರ್ಮಿಕ ನಾಯಕ ಜೇಮ್ಸ್ ಕಾನಲಿ ಅವರ ನಾಗರಿಕ ಸೇನೆಯ ನೆಲೆ. ಗಣರಾಜ್ಯದ ಘೋಷಣಾಪತ್ರ ಅಚ್ಚಾದದ್ದೂ ಅಲ್ಲಿಯೇ. ಬಂಡಾಯಗಾರರು ಸೋಮವಾರವೇ ಅಲ್ಲಿಂದ ಹೊರಟುಹೋಗಿದ್ದರೆಂಬುದು, ಒಳಗೆ ಉಳಿದಿದ್ದವರು ಕಟ್ಟಡದ ಮೇಲ್ವಿಚಾರಕರೊಬ್ಬರೇ ಎಂಬುದು ಸೈನ್ಯಕ್ಕೆ ಗೊತ್ತಿರಲಿಲ್ಲ. ಹಡಗಿಗೂ ಕಟ್ಟಡಕ್ಕೂ ನಡುವೆ ಲೂಪ್ ಲೈನ್ ರೈಲ್ವೆ ಸೇತುವೆ ಅಡ್ಡವಾಗಿದ್ದುದರಿಂದ ಗುಂಡುಗಳನ್ನು ಅದರ ಮೇಲಿನಿಂದ ಹಾಯಿಸಬೇಕಾಗಿತ್ತು. ಹಡಗಿನ ದಿನಚರಿಯ ಪ್ರಕಾರ ಲಿಬರ್ಟಿ ಹಾಲ್‌ನ ಮೇಲೆ ಅದು ಹಾರಿಸಿದ್ದು 24 ಗುಂಡುಗಳನ್ನು. ಇಡೀ ವಾರದ ಲೆಕ್ಕ ಹಿಡಿದರೆ ಸುಮಾರು 40. ಅದೇ ಬೆಳಿಗ್ಗೆ ನದಿಯ ದಕ್ಷಿಣ ದಂಡೆಯ ಟಾರಾ ಬೀದಿಯಿಂದ ಹದಿನೆಂಟು ಪೌಂಡ್ ತೂಕದ ಗುಂಡು ಹಾರಿಸುವ ಸೈನ್ಯದ ಫಿರಂಗಿಗಳೂ ಅದೇ ಕಟ್ಟಡದ ಮೇಲೆ ಗುಂಡು ಸುರಿಸುತ್ತಿದ್ದವು.

ಮುಖ್ಯ ಬೀದಿಯ ನಾಶದ ಹೊಣೆಯನ್ನು ಈ ಹಡಗಿನ ಮೇಲೆ ಹೊರಿಸುವುದು ಮಾತ್ರ ಸರಿಯಲ್ಲ. ಹೆಲ್ಗಾ ನಿಂತ ಜಾಗದಿಂದ ಅಂಚೆ ಕಚೇರಿ ಕಣ್ಣಿಗೆ ಕಾಣುವಂತಿರಲಿಲ್ಲ. ಆಗ ಸ್ಯಾಕ್‌ವಿಲ್ ಎಂದು ಕರೆಯುತ್ತಿದ್ದ, ಈಗಿನ ಓಕಾನೆಲ್ ಬೀದಿಯನ್ನು ಸುಟ್ಟದ್ದು ಅಥ್ಲೋನ್ ಪಟ್ಟಣದಿಂದ ತರಿಸಿದ ಸೈನ್ಯದ ಫಿರಂಗಿಗಳು ಹಾಗೂ ಅವುಗಳಿಂದ ಹೊತ್ತಿಕೊಂಡು ಆರಿಸುವವರಿಲ್ಲದೆ ಕಟ್ಟಡದಿಂದ ಕಟ್ಟಡಕ್ಕೆ ಹಬ್ಬಿದ ಬೆಂಕಿ. ಆ ವಾರ ಸತ್ತ ಸುಮಾರು 485 ಜನರಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಹೋರಾಟದಲ್ಲಿ ಭಾಗವಹಿಸದ ಸಾಮಾನ್ಯ ನಾಗರಿಕರು. ಹಾಗಿದ್ದರೂ ಜನರ ನೆನಪಿನಲ್ಲಿ ಉಳಿದದ್ದು ಹಡಗೇ. ಬೀದಿಯ ತಿರುವಿನಲ್ಲಿ ಮರೆಯಾಗಿದ್ದ ಫಿರಂಗಿಗಳಿಗೆ ಯಾರೂ ಹೆಸರಿಟ್ಟಿರಲಿಲ್ಲ. ನದಿಯ ನಡುವೆ ಎಲ್ಲರಿಗೂ ಕಾಣುವಂತೆ ನಿಂತಿದ್ದ ಹಡಗಿಗಾದರೋ ಹೆಸರಿತ್ತು. ಅದೂ ಆ ಊರಿನವರೇ ಕಟ್ಟಿದ ಹಡಗಾಗಿತ್ತು. ಕಣ್ಣೆದುರು ಕಂಡದ್ದರ ಮೇಲೆ ಇಡೀ ವಾರದ ಸಿಟ್ಟು ಹೋಗಿ ಕುಳಿತದ್ದು ಸಹಜವೇ ಇರಬಹುದು, ಆದರೆ ಚರಿತ್ರೆ ಬರೆಯುವವರು ಅದನ್ನು ಹಾಗೆಯೇ ಒಪ್ಪಿಕೊಳ್ಳಬಾರದು.

ಇನ್ನೊಂದು ಸಂಗತಿಯನ್ನು ಇಲ್ಲಿ ಸೇರಿಸಲೇಬೇಕು. 1918ರ ಅಕ್ಟೋಬರ್ 10ರಂದು ಡಬ್ಲಿನ್ ಬಳಿಯಿಂದ ವೇಲ್ಸ್‌ಗೆ ಹೊರಟಿದ್ದ ‘ಲೆನ್‌ಸ್ಟರ್’ ಎಂಬ ಅಂಚೆ ಹಡಗನ್ನು ಜರ್ಮನ್ ಜಲಾಂತರ್ಗಾಮಿ ಮುಳುಗಿಸಿ, ಐನೂರಕ್ಕೂ ಹೆಚ್ಚು ಜನ ಸತ್ತರು. ಅಲೆಗಳ ನಡುವೆ ತೇಲುತ್ತಿದ್ದವರನ್ನು ಎತ್ತಿಕೊಳ್ಳಲು ಧಾವಿಸಿದ ಹಡಗುಗಳಲ್ಲಿ ಹೆಲ್ಗಾ ಸಹ ಒಂದಾಗಿತ್ತು.

ಪ್ರಶ್ನೆ: ತನ್ನ ರಾಜಧಾನಿಗೇ ಗುಂಡಿಟ್ಟ ಹಡಗನ್ನು ಸ್ವತಂತ್ರವಾದ ದೇಶವೊಂದು ಏಕೆ ಇಟ್ಟುಕೊಂಡಿತು? ಹೊಸ ಹಡಗು ಕೊಳ್ಳಲು ಹಣವಿರಲಿಲ್ಲವೇ, ಅಥವಾ ಸ್ವಾಭಿಮಾನವಿರಲಿಲ್ಲವೇ? ಮೀನುಗಾರಿಕೆಯ ಕುಟುಂಬದಿಂದ ಬಂದ ನನಗೆ, ಮೀನುಗಾರಿಕೆಯ ಹಡಗು ಯುದ್ಧನೌಕೆಯಾದದ್ದು ಹೇಗೆಂಬ ಕುತೂಹಲವೂ ಇದೆ.
— ಓದುಗರೊಬ್ಬರು, ಮಲ್ಪೆ

ಉತ್ತರ: ಹಣದ ಕೊರತೆ ಇತ್ತೆಂಬುದು ನಿಜ, ಆದರೆ ಮುಖ್ಯ ಕಾರಣ ಕಾಗದದ ಮೇಲಿತ್ತು. 1921ರ ಡಿಸೆಂಬರ್ 6ರಂದು ಐರಿಷ್ ಪ್ರತಿನಿಧಿಗಳು ಲಂಡನ್ನಿನಲ್ಲಿ ಸಹಿ ಹಾಕಿದ ಒಪ್ಪಂದದ ಆರನೆಯ ವಿಧಿಯು, ಬೇರೆ ಏರ್ಪಾಡು ಆಗುವವರೆಗೆ ಐರ್ಲೆಂಡಿನ ಕಡಲ ರಕ್ಷಣೆಯನ್ನು ಬ್ರಿಟನ್ನಿನ ಪಡೆಗಳೇ ನೋಡಿಕೊಳ್ಳತಕ್ಕದ್ದೆಂದೂ, ಸುಂಕದ ಆದಾಯ ಮತ್ತು ಮೀನುಗಾರಿಕೆ ಇವುಗಳ ರಕ್ಷಣೆಗೆ ಅಗತ್ಯವಾದಷ್ಟು ಹಡಗುಗಳನ್ನು ಮಾತ್ರ ಹೊಸ ರಾಜ್ಯವು ಹೊಂದಬಹುದೆಂದೂ ಹೇಳುತ್ತಿತ್ತು. ಏಳನೆಯ ವಿಧಿಯ ಪ್ರಕಾರ ಕೋವ್, ಬೇರ್‌ಹೇವನ್, ಲಾಕ್ ಸ್ವಿಲಿ ಎಂಬ ಆಳವಾದ ಬಂದರುಗಳ ಸೌಕರ್ಯ ಬ್ರಿಟಿಷರ ಕೈಯಲ್ಲೇ ಉಳಿಯಿತು. ಅಂದರೆ ನೌಕಾಪಡೆ ಕಟ್ಟುವ ದಾರಿಯೇ ಮುಚ್ಚಿದ್ದ ರಾಜ್ಯಕ್ಕೆ ತೆರೆದಿದ್ದ ಒಂದೇ ಕಿಂಡಿ ಮೀನುಗಾರಿಕೆಯ ಕಾವಲು. ಆ ಕೆಲಸಕ್ಕಾಗಿಯೇ ಕಟ್ಟಿದ ಹಡಗೊಂದು ಕೈಗೆಟಕುವಂತೆ ಇದ್ದಾಗ ಅದನ್ನು ಬಿಟ್ಟು ಇನ್ನೊಂದನ್ನು ಹುಡುಕುವುದರಲ್ಲಿ ಅರ್ಥವಿರಲಿಲ್ಲ.

ಅದರ ನಡುವೆ ಒಂದು ಅಲ್ಪಾಯುಷಿ ಪ್ರಯತ್ನ ನಡೆದುಹೋಯಿತು. ಒಪ್ಪಂದವನ್ನು ಒಪ್ಪಿದವರಿಗೂ ಒಪ್ಪದವರಿಗೂ 1922ರ ಜೂನ್‌ನಲ್ಲಿ ಅಂತರ್ಯುದ್ಧ ಹತ್ತಿಕೊಂಡಾಗ, ದಕ್ಷಿಣದ ರಸ್ತೆಗಳೂ ರೈಲು ಹಳಿಗಳೂ ವಿರೋಧಿಗಳ ಹಿಡಿತದಲ್ಲಿದ್ದುದರಿಂದ ಸರ್ಕಾರವು ಪ್ರಯಾಣಿಕರ ಹಡಗುಗಳಲ್ಲಿ ಸೈನಿಕರನ್ನು ತುಂಬಿ, ಆಗಸ್ಟ್ ತಿಂಗಳಲ್ಲಿ ಕೆರಿಯ ಫೆನಿಟ್‌ನಲ್ಲಿಯೂ ಕಾರ್ಕ್ ನಗರದ ಸಮೀಪದ ಪ್ಯಾಸೇಜ್ ವೆಸ್ಟ್‌ನಲ್ಲಿಯೂ ಇಳಿಸಿತು. ಈ ಅನುಭವದಿಂದ 1923ರ ಮೇ ತಿಂಗಳಲ್ಲಿ ಕರಾವಳಿ ಮತ್ತು ಸಾಗರ ಸೇವೆ ಎಂಬ ಪಡೆ ಹುಟ್ಟಿತು. ತಳ ಬಲೆ ಎಳೆಯುವ ಟ್ರಾಲರ್ ಎಂಬ ಮೀನುಗಾರಿಕೆ ಹಡಗುಗಳಲ್ಲಿ ಕೆಲವನ್ನು ಅದಕ್ಕಾಗಿ ಪಡೆಯಲಾಯಿತು. ಅದೇ ವರ್ಷ ಹೆಲ್ಗಾ ಕೂಡ ಐರಿಷ್ ಕೈಗೆ ಬಂದು ಮ್ವಿರಖೂ ಎಂಬ ಹೊಸ ಹೆಸರು ಪಡೆಯಿತು. ಅಂತರ್ಯುದ್ಧ ಮುಗಿದು, ಖರ್ಚು ಕಡಿಮೆ ಮಾಡಬೇಕೆಂಬ ಒತ್ತಡ ಬಂದಾಗ, 1924ರ ಮಾರ್ಚ್‌ನಲ್ಲಿ ಆ ಪಡೆಯನ್ನು ವಿಸರ್ಜಿಸಲಾಯಿತು. ಹಾಗಾಗಿ ‘ಮೊದಲ ಯುದ್ಧನೌಕೆ’ ಎಂಬ ಬಿರುದನ್ನು ಆ ಟ್ರಾಲರ್‌ಗಳಲ್ಲಿ ಒಂದಕ್ಕೆ ಕೊಡಬೇಕೆಂದು ವಾದಿಸುವವರಿದ್ದರೆ ತಪ್ಪೆನ್ನಲಾಗದು. ನನ್ನ ಅಭಿಪ್ರಾಯದಲ್ಲಿ, ಆ ಪಡೆ ಅಳಿದ ಮೇಲೆಯೂ ಕಡಲಿನಲ್ಲಿ ಐರ್ಲೆಂಡಿನ ಬಾವುಟ ಹಿಡಿದು ಉಳಿದ ಮ್ವಿರಖೂಗೇ ಆ ಗೌರವ ಸಲ್ಲಬೇಕು.

ಹೊಸ ಹೆಸರಿನ ಬಗ್ಗೆ ಒಂದೆರಡು ಮಾತು. ಐರಿಷ್ ಭಾಷೆಯಲ್ಲಿ ‘ಮ್ವಿರ್’ ಎಂದರೆ ಕಡಲು, ‘ಕೂ’ ಎಂದರೆ ಬೇಟೆನಾಯಿ. ಎರಡೂ ಸೇರಿ ಸಮಾಸವಾದಾಗ ಉತ್ತರಪದದ ಆದಿಯ ಕಕಾರವು ಗಂಟಲಿನಿಂದ ಬರುವ ಖಕಾರದಂತಹ ಧ್ವನಿಗೆ ತಿರುಗುತ್ತದೆ. ಮಳೆ ಮತ್ತು ಕಾಲ ಸೇರಿ ಮಳೆಗಾಲವಾಗುವ ನಮ್ಮ ಆದೇಶ ಸಂಧಿಯನ್ನು ಬಲ್ಲವರಿಗೆ ಇದು ಅಪರಿಚಿತವೆನಿಸದು. ಏಳನೆಯ ಶತಮಾನದಲ್ಲಿ ಸಂತ ಪ್ಯಾಟ್ರಿಕ್‌ನ ಚರಿತ್ರೆಯನ್ನು ಲ್ಯಾಟಿನ್ನಿನಲ್ಲಿ ಬರೆದ ಸನ್ಯಾಸಿಯ ಹೆಸರೂ ಮ್ವಿರಖೂ ಎಂದೇ ಇತ್ತು. ಹೊಸ ರಾಜ್ಯವು ಹಡಗನ್ನು ಬದಲಾಯಿಸಲು ಆಗದಿದ್ದರೂ ಅದಕ್ಕೆ ತನ್ನ ಭಾಷೆಯ ಹಳೆಯ ಹೆಸರನ್ನು ಕೊಟ್ಟಿತು. ಸ್ವಾಭಿಮಾನದ ಪ್ರಶ್ನೆಗೆ ಅದು ಕೊಟ್ಟ ಉತ್ತರವನ್ನು ನಾನು ಇಲ್ಲಿಯೇ ಕಾಣುತ್ತೇನೆ.

1924ರಿಂದ ಮುಂದಿನ ಹನ್ನೆರಡು ವರ್ಷ ಮ್ವಿರಖೂ ತೋಪಿಲ್ಲದ ಕಾವಲು ಹಡಗು. ನೆರೆಯ ದೇಶಗಳ ಟ್ರಾಲರ್‌ಗಳು ಐರಿಷ್ ಮೀನುಗಾರರ ದಡದಂಚಿನವರೆಗೆ ಬಂದು ತಳ ಬಲೆ ಎಳೆದುಕೊಂಡು ಹೋಗುತ್ತಿದ್ದವು. ಅವನ್ನು ತಡೆಯಲು ದ್ವೀಪದ ಉತ್ತರದ ತುದಿಯಿಂದ ದಕ್ಷಿಣದ ತುದಿಯವರೆಗೆ ತಿರುಗಬೇಕಾದದ್ದು ಈ ಒಂದೇ ಹಡಗು. ಅದು ಒಂದು ಕೊಲ್ಲಿಯಲ್ಲಿದ್ದರೆ ಮಿಕ್ಕ ಕೊಲ್ಲಿಗಳೆಲ್ಲ ಬರಿದು. ದೊಡ್ಡ ಬಲೆಯ ದೋಣಿ ಬಂದುಹೋದ ಮೇಲೆ ನಾಡದೋಣಿಯವನ ಪಾಲಿಗೆ ಏನು ಉಳಿಯುತ್ತದೆಂಬುದನ್ನು ತಮ್ಮಂತಹವರಿಗೆ ನಾನು ವಿವರಿಸಬೇಕಾಗಿಲ್ಲ. 1936ರಲ್ಲಿ ಹಡಗಿಗೆ ಮತ್ತೆ ತೋಪು ಕೂರಿಸಲಾಯಿತು.

ಆ ಹೊತ್ತಿಗೆ ಸರ್ಕಾರದ ಮುಖ್ಯಸ್ಥರಾಗಿದ್ದವರು ಏಮನ್ ಡಿ ವಲೇರಾ. ಅವರು ಯಾರೆಂಬುದನ್ನು ಇಲ್ಲಿ ನೆನಪಿಸಬೇಕು. 1916ರ ಆ ವಾರ ಡಬ್ಲಿನ್‌ನ ಬೋಲಂಡ್ ಬೇಕರಿಯನ್ನೂ ಅದರ ಸುತ್ತಲಿನ ಪ್ರದೇಶವನ್ನೂ ಹಿಡಿದುಕೊಂಡಿದ್ದ ಬಂಡಾಯದ ತುಕಡಿಗೆ ನಾಯಕರಾಗಿದ್ದವರು ಅವರೇ. ಹೆಲ್ಗಾದ ತೋಪು ತಿರುಗಿದ್ದ ಗುರಿಗಳಲ್ಲಿ ಬೋಲಂಡ್ ಗಿರಣಿಯೂ ಸೇರಿತ್ತು. ಸಮೀಪದ ಹಾಳುಬಿದ್ದ ಮದ್ಯದ ಭಟ್ಟಿಯೊಂದರ ಗೋಪುರದ ಮೇಲೆ ಬಾವುಟ ಹಾರಿಸಿ, ಶತ್ರುಗಳ ಗುಂಡು ತಮ್ಮವರ ಬದಲು ಆ ಖಾಲಿ ಗೋಪುರಕ್ಕೆ ಬೀಳುವಂತೆ ಡಿ ವಲೇರಾ ಮಾಡಿದರು. ಅಂದು ಆ ತೋಪಿನ ಎದುರಿಗಿದ್ದ ಮನುಷ್ಯನ ಸರ್ಕಾರವೇ ಇಪ್ಪತ್ತು ವರ್ಷಗಳ ಬಳಿಕ ಅದೇ ಹಡಗಿಗೆ ತೋಪು ಕೊಟ್ಟು ಕಡಲಿಗೆ ಕಳುಹಿಸಿತು.

ಪ್ರಶ್ನೆ: ಎರಡನೆಯ ಮಹಾಯುದ್ಧದಲ್ಲಿ ಐರ್ಲೆಂಡ್ ತಟಸ್ಥವಾಗಿತ್ತಲ್ಲವೇ? ಆಗ ಈ ಹಡಗು ಏನು ಮಾಡಿತು? ಅದು ಈಗ ಯಾವುದಾದರೂ ವಸ್ತುಸಂಗ್ರಹಾಲಯದಲ್ಲಿ ಇದೆಯೇ?
— ಓದುಗರೊಬ್ಬರು, ಬೆಂಗಳೂರು

ಉತ್ತರ: 1938ರ ಏಪ್ರಿಲ್‌ನ ಒಪ್ಪಂದದಂತೆ ಬ್ರಿಟನ್ ಆ ಮೂರು ಬಂದರುಗಳನ್ನು ಹಿಂತಿರುಗಿಸಿತು. ಜುಲೈ 11ರಂದು ಕೋವ್ ಬಂದರಿನ ಕೋಟೆಯ ಮೇಲೆ ಐರಿಷ್ ಬಾವುಟ ಏರಿತು, ಅಕ್ಟೋಬರ್ ವೇಳೆಗೆ ಲಾಕ್ ಸ್ವಿಲಿಯೂ ಬಂದಿತು. ತಟಸ್ಥವಾಗಿರಲು ಸಾಧ್ಯವಾದದ್ದೇ ಬಂದರುಗಳು ಕೈಗೆ ಬಂದದ್ದರಿಂದ. ಪರದೇಶದ ಯುದ್ಧನೌಕೆಗಳು ನಿಂತಿರುವ ಬಂದರನ್ನು ಇಟ್ಟುಕೊಂಡು ಯಾವ ದೇಶವೂ ತಾನು ಯುದ್ಧದಲ್ಲಿಲ್ಲವೆಂದು ಹೇಳಲಾರದು. ಆದರೆ ಅದರೊಂದಿಗೆ ಕಡಲ ಕಾವಲಿನ ಹೊರೆಯೂ ಪೂರ್ತಿಯಾಗಿ ಐರ್ಲೆಂಡಿನ ಹೆಗಲಿಗೆ ಬಿದ್ದಿತು. ಅದಾಗಿ ಒಂದು ವರ್ಷ ತುಂಬುವುದರೊಳಗೆ ಯುರೋಪಿನಲ್ಲಿ ಯುದ್ಧ ಆರಂಭವಾಯಿತು. ಆಗ ಐರ್ಲೆಂಡಿನ ಬಳಿ ಇದ್ದ ಹಡಗುಗಳು ಎರಡೇ: ಮೂವತ್ತೊಂದು ವರ್ಷ ಹಳೆಯದಾದ ಮ್ವಿರಖೂ, ಮತ್ತು ‘ಫೋರ್ಟ್ ರ್‍ಯಾನಕ್’ ಎಂಬ ಟ್ರಾಲರ್.

ಐರ್ಲೆಂಡಿನಲ್ಲಿ ಆ ಯುದ್ಧದ ವರ್ಷಗಳನ್ನು ‘ತುರ್ತು ಪರಿಸ್ಥಿತಿ’ ಎಂದೇ ಕರೆಯುತ್ತಾರೆ. 1939ರಲ್ಲಿ ಸಾಗರ ಮತ್ತು ಕರಾವಳಿ ಕಾವಲು ಸೇವೆ ಎಂಬ ಹೊಸ ಪಡೆಯನ್ನು ಕಟ್ಟಿ, ಎರಡೂ ಹಡಗುಗಳನ್ನು ಅದಕ್ಕೆ ಒಪ್ಪಿಸಲಾಯಿತು; ಬ್ರಿಟನ್ನಿನಿಂದ ಆರು ಟಾರ್ಪೆಡೋ ದೋಣಿಗಳು ಒಂದೊಂದಾಗಿ ಬಂದು ಸೇರಿದವು. ಕರಾವಳಿಯ ಸುತ್ತಲೂ ಎಂಬತ್ತಕ್ಕೂ ಹೆಚ್ಚು ಕಡೆ ತಲೆಯೆತ್ತಿ ನಿಂತ ಪುಟ್ಟ ಕಾವಲು ಕೋಣೆಗಳಿಂದ ಜನ ಹಗಲಿರುಳು ಕಡಲನ್ನು ನೋಡುತ್ತಿದ್ದರು. ಬಂದರಿಗೆ ಬರುವ ಹಡಗುಗಳನ್ನು ತಪಾಸಣೆ ಮಾಡುವುದು, ತೇಲಿಬಂದ ಮೈನ್ ಎಂಬ ಕಡಲ ಸ್ಫೋಟಕಗಳನ್ನು ಹುಡುಕಿ ನಾಶಪಡಿಸುವುದು, ಪ್ರಾದೇಶಿಕ ಜಲಸೀಮೆಯಲ್ಲಿ ಗಸ್ತು ತಿರುಗುವುದು, ಇವು ಹಡಗುಗಳ ಪಾಲಿನ ಕೆಲಸಗಳು. ಅಟ್ಲಾಂಟಿಕ್ ಸಾಗರದ ಘೋರ ಯುದ್ಧವೊಂದು ಬಾಗಿಲಲ್ಲೇ ನಡೆಯುತ್ತಿರುವಾಗ ಇಷ್ಟು ಬಲದಿಂದ ಯಾರನ್ನು ತಡೆಯಬಹುದಿತ್ತೆಂದು ಕೇಳಿದರೆ, ದೊಡ್ಡ ಶಕ್ತಿಗಳಲ್ಲಿ ಯಾರನ್ನೂ ತಡೆಯಲಾಗುತ್ತಿರಲಿಲ್ಲವೆಂಬುದೇ ನೇರವಾದ ಉತ್ತರ. ಆದರೆ ತಟಸ್ಥ ದೇಶವೊಂದು ತನ್ನ ನೀರಿನಲ್ಲಿ ತಾನೇ ಇರಬೇಕು, ಅಲ್ಲಿ ಏನು ನಡೆಯುತ್ತಿದೆಯೆಂದು ತಾನೇ ತಿಳಿದಿರಬೇಕು. ಆ ಕೆಲಸಕ್ಕೆ ಚಳಿಗಾಲದ ಅಟ್ಲಾಂಟಿಕ್ ಅಲೆಗಳಲ್ಲಿ ಹಳೆಯ ಉಗಿಹಡಗೊಂದನ್ನು ಆರು ವರ್ಷ ನಡೆಸಿದ ನಾವಿಕರ ಬಗ್ಗೆ ನನಗೆ ಅಪಾರ ಗೌರವವಿದೆ.

ಯುದ್ಧ ಮುಗಿದ ಬಳಿಕ, 1946ರ ಸೆಪ್ಟೆಂಬರ್‌ನಲ್ಲಿ, ಐರ್ಲೆಂಡ್ ಕೊನೆಗೂ ಖಾಯಂ ನೌಕಾ ಸೇವೆಯನ್ನು ಸ್ಥಾಪಿಸಿತು. ಬ್ರಿಟಿಷ್ ನೌಕಾಪಡೆಯ ಫ್ಲವರ್ ವರ್ಗದ ಮೂರು ಕಾರ್ವೆಟ್‌ಗಳನ್ನು, ಅಂದರೆ ಸಣ್ಣ ಬೆಂಗಾವಲು ಯುದ್ಧನೌಕೆಗಳನ್ನು, ಕೊಂಡು ಮಾಖಾ, ಮೇವ್, ಕ್ಲೀನಾ ಎಂದು ಐರಿಷ್ ಪುರಾಣದ ಹೆಸರುಗಳನ್ನಿಟ್ಟರು. ಮ್ವಿರಖೂ ಗುಜರಿಗೆ ಮಾರಾಟವಾಯಿತು. 1947ರ ಮೇ 8ರಂದು ಅದು ಕೋವ್ ಬಂದರಿನ ಹಾಲ್‌ಬೋಲಿನ್ ದ್ವೀಪದ ನೆಲೆಯಿಂದ ಡಬ್ಲಿನ್‌ನತ್ತ ಕೊನೆಯ ಪ್ರಯಾಣ ಹೊರಟಿದ್ದಾಗ, ವೆಕ್ಸ್‌ಫರ್ಡ್ ಪ್ರಾಂತದ ಕರಾವಳಿಯಾಚೆ, ಟಸ್ಕರ್ ಬಂಡೆಯ ಕಡೆಯ ಕಡಲಿನಲ್ಲಿ ಮುಳುಗಿತು. ಹಡಗಿನಲ್ಲಿದ್ದವರೆಲ್ಲರೂ ಬದುಕಿ ಬಂದರು. ಆದ್ದರಿಂದ ತಾವು ಕೇಳಿದಂತೆ ಅದನ್ನು ಯಾವ ವಸ್ತುಸಂಗ್ರಹಾಲಯದಲ್ಲಿಯೂ ನೋಡಲಾಗದು.

ಮುಳುಗದೆ ಡಬ್ಲಿನ್ ತಲುಪಿದ್ದರೂ ಅದನ್ನು ಉಳಿಸಿಕೊಳ್ಳುತ್ತಿರಲಿಲ್ಲ, ಕಳಚಿ ಕಬ್ಬಿಣವನ್ನು ಮಾರುತ್ತಿದ್ದರು. ಇದೇ ಚರಿತ್ರೆಗೆ ಸೇರಿದ ಇನ್ನೊಂದು ನೌಕೆಯ ಗತಿಯನ್ನು ನೋಡಿದರೆ ನನಗೆ ವಿಷಾದವಾಗುತ್ತದೆ. 1914ರ ಜುಲೈ 26ರಂದು ಐರಿಷ್ ಸ್ವಯಂಸೇವಕರಿಗಾಗಿ ಹೌತ್ ಬಂದರಿಗೆ 900 ಬಂದೂಕುಗಳನ್ನು ತಂದಿಳಿಸಿದ ‘ಆಸ್ಗಾರ್ಡ್’ ಎಂಬ ಹಾಯಿನೌಕೆಯನ್ನು 1961ರಲ್ಲಿ ಸರ್ಕಾರವೇ ಹುಡುಕಿ ಕೊಂಡುಕೊಂಡಿತು; ಇಂದು ಅದು ಡಬ್ಲಿನ್‌ನ ಕಾಲಿನ್ಸ್ ಬ್ಯಾರಕ್ಸ್‌ನ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ಗೌರವದಿಂದ ನಿಂತಿದೆ. ಅದು ಸರಿಯಾದ ನಿರ್ಧಾರವೇ. ಆದರೆ ಬಂದೂಕು ತಂದ ನೌಕೆಯ ಪಕ್ಕದಲ್ಲಿ, ಮೊದಲು ಎದುರಾಳಿಯ ಕೈಯಲ್ಲಿದ್ದು ಆಮೇಲೆ ಕಾಲು ಶತಮಾನ ನಾಡಿನ ನೀರನ್ನು ಕಾಯ್ದ ಹಡಗಿನದ್ದೂ ಒಂದು ತುಂಡಾದರೂ ಇರಬೇಕಿತ್ತು. ಆಸ್ಗಾರ್ಡ್ ಬಂಡಾಯದ ಚರಿತ್ರೆಯನ್ನು ಹೇಳುತ್ತದೆ. ಬಂಡಾಯ ಗೆದ್ದ ಮರುದಿನ, ಎದುರಾಳಿ ಬಿಟ್ಟುಹೋದ ಸಾಮಾನಿನಲ್ಲೇ ರಾಜ್ಯವೊಂದು ಕೆಲಸ ಶುರು ಮಾಡಬೇಕಾದ ಚರಿತ್ರೆಯನ್ನು ಹೇಳಲು ಮ್ವಿರಖೂನಷ್ಟು ತಕ್ಕ ವಸ್ತು ಬೇರೆ ಇರಲಿಲ್ಲ.

ಆ ಮೂರು ಕಾರ್ವೆಟ್‌ಗಳೂ, 1971ರಲ್ಲಿ ಅವುಗಳ ಜಾಗಕ್ಕೆ ಬಂದ ಗ್ರಾನ್ಯ, ಬಾನ್ಬ, ಫೋಲಾ ಎಂಬ ಮೂರು ಹಡಗುಗಳೂ ಬ್ರಿಟಿಷ್ ನೌಕಾಪಡೆಯಿಂದ ಕೊಂಡ ಹಳೆಯ ಹಡಗುಗಳೇ. ತನಗಾಗಿಯೇ, ತನ್ನ ನೆಲದಲ್ಲಿಯೇ ಕಟ್ಟಿಸಿದ ಗಸ್ತು ಹಡಗು ಐರ್ಲೆಂಡಿನ ನೌಕಾ ಸೇವೆಗೆ ಸಿಕ್ಕಿದ್ದು 1972ರಲ್ಲಿ, ಕಾರ್ಕ್ ಬಂದರಿನ ವೆರೋಲ್ಮ್ ಹಡಗುಕಟ್ಟೆಯಲ್ಲಿ ಸಿದ್ಧವಾದ ‘ಡೀರ್‌ಡ್ರೆ’. ಅದಕ್ಕೆ ವಹಿಸಿದ ಮುಖ್ಯ ಕೆಲಸ ಮೀನುಗಾರಿಕೆಯ ಕಾವಲು.